ಎರಡು ಚೆಂಡು, ಮೂರು ಕ್ಯಾಲೆಂಡರ್: ಕೋರಿ ಹ್ಲೆಡೆಯವರ ಆಟವನ್ನು ಓದುವ ಬಗೆ

ಪ್ರಹ್ಲಾದ, ಆಹ್ಲಾದ ಎಂದು ಸರಾಗವಾಗಿ ಹೇಳುವ ಕನ್ನಡದ ನಾಲಿಗೆಗೆ ಹ್ಲೆಡೆ ಎಂಬ ಹೆಸರು ಕಷ್ಟವಾಗಬಾರದು. ಕೋರಿ ಹ್ಲೆಡೆ ಕ್ರೊವೇಷಿಯಾದ ನಿವೃತ್ತ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿ. 1975ರ ಏಪ್ರಿಲ್ 18ರಂದು ಜಾಗ್ರೆಬ್‌ನಲ್ಲಿ ಹುಟ್ಟಿದವರು. ಎತ್ತರ ಸುಮಾರು ಐದಡಿ ಒಂಬತ್ತು ಇಂಚು. ನಮ್ಮೂರಿನ ಮಟ್ಟಿಗೆ ಅದು ಎತ್ತರವೇ ಸರಿ, ಆದರೆ ಬ್ಯಾಸ್ಕೆಟ್‌ಬಾಲ್‌ನಲ್ಲಿ ಸಾಧಾರಣ. ಹಾಗಾಗಿ ಅವರು ಬುಟ್ಟಿಯ ಕೆಳಗೆ ನಿಲ್ಲುವ ಆಟಗಾರ್ತಿಯಲ್ಲ. ದೂರದಿಂದ ಚೆಂಡು ತಂದು, ಹಂಚಿ, ಸಂದು ಸಿಕ್ಕಾಗ ತಾವೇ ಎಸೆಯುವ ಗಾರ್ಡ್.

ಅವರ ಆಟದ ಬದುಕನ್ನು ಅಂಕಿ ಅಂಶಗಳಲ್ಲಿ ಹುಡುಕಿದರೆ ನಾಲ್ಕು ಸಂಖ್ಯೆಗಳು ಎದುರಾಗುತ್ತವೆ. ಅಮೆರಿಕದ ವಿಶ್ವವಿದ್ಯಾಲಯವೊಂದಕ್ಕೆ ಆಡಿ ಗಳಿಸಿದ ಅಂಕ 2,631. ವೃತ್ತಿಪರ ಲೀಗ್ ಅವರನ್ನು ಆರಿಸಿಕೊಂಡ ಕ್ರಮಸಂಖ್ಯೆ 4. ಅಲ್ಲಿನ ಮೊದಲ ವರ್ಷ ಪಂದ್ಯಕ್ಕೆ ಸರಾಸರಿ 14ರಷ್ಟು ಅಂಕ. ಇನ್ನು ಆಡಿದ ಒಲಿಂಪಿಕ್ಸ್‌ಗಳ ಸಂಖ್ಯೆ ಸೊನ್ನೆ. ಈ ನಾಲ್ಕೂ ಒಬ್ಬರದೇ ಎಂದರೆ ನಂಬುವುದು ಕಷ್ಟ. ನಾಲ್ಕು ಬೇರೆ ಬೇರೆ ಲೆಕ್ಕದ ಪುಸ್ತಕಗಳಿಂದ ಕಿತ್ತು ತಂದ ಹಾಳೆಗಳಂತೆ ಕಾಣುತ್ತವೆ. ವಾಸ್ತವವಾಗಿಯೂ ಅವು ಹಾಗೆಯೇ. ಆ ಕಾಲದ ಯುರೋಪಿನ ಒಬ್ಬ ಆಟಗಾರ್ತಿಯನ್ನು ಅರ್ಥ ಮಾಡಿಕೊಳ್ಳಬೇಕಾದರೆ ಒಂದೇ ಪಟ್ಟಿ ಸಾಲದು.

ಸೊನ್ನೆಯಿಂದಲೇ ಆರಂಭಿಸೋಣ. 1988ರ ಸೋಲ್ ಒಲಿಂಪಿಕ್ಸ್‌ನ ಮಹಿಳೆಯರ ಫೈನಲ್‌ನಲ್ಲಿ ಅಮೆರಿಕದ ಎದುರು ನಿಂತದ್ದು ಸೋವಿಯತ್ ಒಕ್ಕೂಟವಲ್ಲ, ಕ್ರೊವೇಷಿಯಾ ಆಗಿನ್ನೂ ಭಾಗವಾಗಿದ್ದ ಯುಗೊಸ್ಲಾವಿಯ. ಸೆಮಿಫೈನಲ್‌ನಲ್ಲಿ ಆಸ್ಟ್ರೇಲಿಯವನ್ನು 57–56ರಿಂದ, ಅಂದರೆ ಒಂದೇ ಒಂದು ಅಂಕದಿಂದ ದಾಟಿ ಬಂದ ತಂಡವದು. ಫೈನಲ್‌ನಲ್ಲಿ 77–70ರಿಂದ ಸೋತಿತು. ಅಮೆರಿಕದ ಮಹಿಳೆಯರ ಎದುರು ಏಳು ಅಂಕದ ಸೋಲು ಎಂದರೆ ಅದು ಮರ್ಯಾದೆಯ ಸೋಲು. ಆ ತಂಡದಲ್ಲಿ ಶಿಬೆನಿಕ್‌ನ ದಾನಿರಾ ನಾಕಿಚ್ ಇದ್ದರು. ಮುಂದೆ ಅವರು ಕ್ರೊವೇಷಿಯಾದ ಬ್ಯಾಸ್ಕೆಟ್‌ಬಾಲ್ ಸಂಸ್ಥೆಯ ಅಧ್ಯಕ್ಷೆಯೂ ಆದರು. ಜಾನಾ ಲೆಲಾಸ್, ಕೊರ್ನೆಲಿಯಾ ಕ್ವೆಸಿಚ್ ಇದ್ದರು. ಸ್ಲೊವೇನಿಯದ ಪೊಲೊನಾ ದೊರ್ನಿಕ್, ಮ್ಯಾಸೆಡೋನಿಯದ ಸ್ತೊಯ್ನಾ ವಾಂಗೆಲೊವ್‌ಸ್ಕಾ ಇದ್ದರು. ಎಲ್ಲರಿಗಿಂತ ಎತ್ತರವಾಗಿ ಬೋಸ್ನಿಯದ ರಾಜಿಯಾ ಮುಯಾನೊವಿಚ್ ಇದ್ದರು. ಈ ಕೊನೆಯ ಹೆಸರನ್ನು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತದೆ.

ಆಗ ಹ್ಲೆಡೆಗೆ ಹದಿಮೂರು ವರ್ಷ. ಎಲ್ಲವೂ ಹಾಗೆಯೇ ಮುಂದುವರಿದಿದ್ದರೆ ಅವರ ದಾರಿಯೂ ಆ ತಂಡದ ಕಡೆಗೇ ಇರುತ್ತಿತ್ತು. ಆದರೆ 1991ರ ಜೂನ್ 25ರಂದು ಕ್ರೊವೇಷಿಯಾ ಸ್ವಾತಂತ್ರ್ಯ ಘೋಷಿಸಿತು. ಅದೇ ತಿಂಗಳು ಟೆಲ್ ಅವೀವ್‌ನಲ್ಲಿ ಯುಗೊಸ್ಲಾವಿಯದ ಮಹಿಳೆಯರು ಯುರೋಪಿಯನ್ ಚಾಂಪಿಯನ್‌ಷಿಪ್‌ನ ಬೆಳ್ಳಿ ಗೆದ್ದಿದ್ದರು. ಪದಕ ಹಿಡಿದು ಮನೆಗೆ ಬರುವಷ್ಟರಲ್ಲಿ ಮನೆಯೇ ಪಾಲಾಗಿತ್ತು. ಅಕ್ಟೋಬರ್ 7ರಂದು ಜಾಗ್ರೆಬ್‌ನ ಮೇಲ್ಪೇಟೆಯಲ್ಲಿರುವ ಸರ್ಕಾರದ ಅರಮನೆ ಬಾನ್ಸ್ಕಿ ದ್ವೋರಿಯ ಮೇಲೆ ವಿಮಾನ ದಾಳಿ ನಡೆಯಿತು. ಹ್ಲೆಡೆಗೆ ಆಗ ಹದಿನಾರು.

ದೇಶ ಒಡೆದಾಗ ತಂಡಕ್ಕೆ ಆಗುವುದು ಬರೀ ಹೆಸರಿನ ಬದಲಾವಣೆಯಲ್ಲ. ಅವಿಭಕ್ತ ಕುಟುಂಬ ಒಡೆದು ಅಡುಗೆಮನೆ ಪಾಲಾಗುವುದನ್ನು ಕಂಡವರಿಗೆ ಇದು ಗೊತ್ತು: ಒಬ್ಬರ ಪಾಲಿಗೆ ಒಲೆ ಬರುತ್ತದೆ, ಇನ್ನೊಬ್ಬರ ಪಾಲಿಗೆ ಪಾತ್ರೆ, ಮತ್ತೊಬ್ಬರಿಗೆ ರುಬ್ಬುವ ಕಲ್ಲು. ಯಾರ ಬಳಿಯೂ ಪೂರ್ತಿ ಅಡುಗೆಮನೆ ಉಳಿಯುವುದಿಲ್ಲ. ಬುಟ್ಟಿಯ ಕೆಳಗೆ ನಿಲ್ಲುವ ಎತ್ತರದ ಆಟಗಾರ್ತಿ, ಅಂದರೆ ಸೆಂಟರ್, ಮುಯಾನೊವಿಚ್ ಬೋಸ್ನಿಯಕ್ಕೆ ಹೋದರು, ಇನ್ನಿಬ್ಬರು ಸ್ಲೊವೇನಿಯ, ಮ್ಯಾಸೆಡೋನಿಯಗಳಿಗೆ. ಪುರುಷರ ವಿಭಾಗದಲ್ಲಿ ಕ್ರೊವೇಷಿಯಾದ ಪಾಲಿಗೆ ಬಂದದ್ದು ದೊಡ್ಡ ಗಂಟೇ. 1992ರ ಬಾರ್ಸಿಲೋನಾದಲ್ಲಿ ಆ ತಂಡ ಬೆಳ್ಳಿ ಗೆದ್ದಿತು. ಮಹಿಳೆಯರ ಪಾಲಿಗೆ ಅಷ್ಟು ಬರಲಿಲ್ಲ. ಕ್ರೊವೇಷಿಯಾದ ಮಹಿಳಾ ತಂಡ ಮೊದಲ ಬಾರಿಗೆ ಒಲಿಂಪಿಕ್ಸ್ ಅಂಕಣಕ್ಕೆ ಇಳಿದದ್ದು 2012ರ ಲಂಡನ್‌ನಲ್ಲಿ; ಮೊದಲ ಪಂದ್ಯ ಅಮೆರಿಕದ ವಿರುದ್ಧ, 81–56ರ ಸೋಲು. ಹ್ಲೆಡೆಗೆ ಆಗ ಮೂವತ್ತೇಳು. ಆ ತಂಡದಲ್ಲಿ ಅವರಿರಲಿಲ್ಲ. ಹಾಗಾಗಿ ಆ ಸೊನ್ನೆಯಲ್ಲಿ ಅವರ ಆಟದ ಗುಣಕ್ಕಿಂತ ಅವರು ಹುಟ್ಟಿದ ವರ್ಷದ ಪಾಲು ಹೆಚ್ಚು.

ಈಗ 2,631ಕ್ಕೆ ಬರೋಣ. 1994ರಲ್ಲಿ ಹ್ಲೆಡೆ ಪಿಟ್ಸ್‌ಬರ್ಗ್‌ನ ಡುಕೇನ್ ವಿಶ್ವವಿದ್ಯಾಲಯ ಸೇರಿದರು. ಯುರೋಪಿನಲ್ಲಿ ಒಳ್ಳೆಯ ಆಟಗಾರ್ತಿ ಬೆಳೆಯುವುದು ಕ್ಲಬ್‌ಗಳಲ್ಲಿ, ಶಾಲೆ ಕಾಲೇಜುಗಳಲ್ಲಿ ಅಲ್ಲ. ಅಮೆರಿಕದಲ್ಲಿ ಇದಕ್ಕೆ ತದ್ವಿರುದ್ಧ. ಅಲ್ಲಿ 1972ರಲ್ಲಿ ಬಂದ ಶಿಕ್ಷಣ ಕಾನೂನಿನ ಒಂಬತ್ತನೆಯ ಭಾಗ, ಸರ್ಕಾರದ ಹಣ ಪಡೆಯುವ ವಿದ್ಯಾಸಂಸ್ಥೆಗಳು ಲಿಂಗಭೇದ ಮಾಡಕೂಡದು ಎಂದಿತು. ಆ ಕಾನೂನಿನಲ್ಲಿ ಬ್ಯಾಸ್ಕೆಟ್‌ಬಾಲ್ ಎಂಬ ಮಾತೇ ಇಲ್ಲ. ಆದರೆ ಅದರ ಬಲದಿಂದಲೇ ಹುಡುಗರ ಹಾಗೆ ಹುಡುಗಿಯರಿಗೂ ಕ್ರೀಡಾ ವಿದ್ಯಾರ್ಥಿವೇತನಗಳು ಹುಟ್ಟಿಕೊಂಡವು, ತರಬೇತುದಾರರು ಬಂದರು, ಪಂದ್ಯಗಳಿಗೆ ಪ್ರೇಕ್ಷಕರು ಬಂದರು. ಇಪ್ಪತ್ತು ವರ್ಷದ ನಂತರ ಅದರ ಫಲ ಜಾಗ್ರೆಬ್‌ನ ಹುಡುಗಿಗೂ ಮುಟ್ಟಿತು. ಓದು, ಊಟ, ವಸತಿ ಎಲ್ಲ ಉಚಿತ. ಬದಲಿಗೆ ನಾಲ್ಕು ವರ್ಷ ಆಡಬೇಕಿತ್ತು, ಆಟಕ್ಕೆ ಆಗ ಸಂಬಳ ಪಡೆಯುವಂತಿರಲಿಲ್ಲ. ಯುರೋಪಿನ ಕ್ಲಬ್ಬಿನಲ್ಲಿದ್ದರೆ ಅದೇ ವಯಸ್ಸಿಗೆ ಕೈಗೆ ಒಂದಿಷ್ಟು ಕಾಸು ಬರುತ್ತಿತ್ತು, ಪದವಿ ಬರುತ್ತಿರಲಿಲ್ಲ.

ಪಿಟ್ಸ್‌ಬರ್ಗ್ ಕ್ರೊವೇಷಿಯಾದವರಿಗೆ ತೀರಾ ಪರಊರಲ್ಲ. ಉಕ್ಕಿನ ಕಾರ್ಖಾನೆಗಳಿಗೆ ದುಡಿಯಲು ಹತ್ತೊಂಬತ್ತನೆಯ ಶತಮಾನದ ಕೊನೆಯಿಂದಲೇ ಆ ನಾಡಿನವರು ಅಲ್ಲಿಗೆ ಹೋಗಿ ನೆಲೆಸಿದ್ದರು. ಅವರ ಪರಸ್ಪರ ಸಹಾಯ ಸಂಘ 1894ರಲ್ಲಿ ಹುಟ್ಟಿದ್ದೂ ಅಲ್ಲಿಯೇ. ಡುಕೇನ್ ವಿಶ್ವವಿದ್ಯಾಲಯದಲ್ಲಂತೂ 1937ರಿಂದ ಟ್ಯಾಂಬುರಿಟ್ಜನ್ಸ್ ಎಂಬ ಜಾನಪದ ಹಾಡು ಕುಣಿತದ ವಿದ್ಯಾರ್ಥಿ ತಂಡವೇ ಇತ್ತು. ಹೆಸರು ಕಿವಿಗೆ ಪರಿಚಿತ ಅನ್ನಿಸಿದರೆ ಆಶ್ಚರ್ಯವಿಲ್ಲ. ಕ್ರೊವೇಷಿಯಾದ ತಂಬುರಾ, ತಂಬುರಿತ್ಸಾ ಎಂಬ ತಂತಿವಾದ್ಯದಿಂದ ಬಂದ ಹೆಸರದು. ಅದೂ ನಮ್ಮ ದಾಸರ ಕೈಯ ತಂಬೂರಿಯೂ ಹೆಸರಿನ ಮಟ್ಟಿಗೆ ದೂರದ ದಾಯಾದಿಗಳು. ನಮ್ಮದು ಶ್ರುತಿ ಹಿಡಿದು ಕೂರುತ್ತದೆ, ಅವರದು ರಾಗವನ್ನೇ ನುಡಿಸುತ್ತದೆ.

ಅಂಥ ಊರಿನಲ್ಲಿ ನಾಲ್ಕು ಚಳಿಗಾಲ ಆಡಿ ಹ್ಲೆಡೆ 2,631 ಅಂಕ ಗಳಿಸಿದರು. ವರ್ಷಕ್ಕೆ ಸರಾಸರಿ 650ಕ್ಕೂ ಮೇಲೆ. ಆ ವಿಶ್ವವಿದ್ಯಾಲಯದ ಪರವಾಗಿ ಅಷ್ಟು ಅಂಕ ಅಲ್ಲಿಯವರೆಗೆ ಯಾರೂ ಗಳಿಸಿರಲಿಲ್ಲ, ಗಂಡಸರನ್ನೂ ಸೇರಿಸಿ. ಕೊನೆಯ ಎರಡು ಪದಗಳ ಮೇಲೆ ಬೆರಳಿಟ್ಟು ಓದಿ. ಮಹಿಳೆಯರ ದಾಖಲೆ ಎಂದು ಪಕ್ಕಕ್ಕೆ ಸರಿಸಿಡಲು ಬಾರದ ದಾಖಲೆ ಇದು.

ಮುಂದಿನದು 4 ಎಂಬ ಸಂಖ್ಯೆ. ಐಪಿಎಲ್ ನೋಡಿ ಬೆಳೆದವರಿಗೆ ಆಟಗಾರರ ಹರಾಜು ಗೊತ್ತು: ಯಾರು ಹೆಚ್ಚು ಹಣ ಕೂಗುತ್ತಾರೋ ಅವರಿಗೆ ಆಟಗಾರ. ಅಮೆರಿಕದ ಡ್ರಾಫ್ಟ್ ಹಾಗಲ್ಲ. ಅಲ್ಲಿ ಹಣ ಕೂಗುವಂತಿಲ್ಲ, ಸರದಿ ಬಂದಾಗ ಒಂದು ಹೆಸರು ಹೇಳಬೇಕು, ಅಷ್ಟೆ. ಆಗ, ಹಿಂದಿನ ವರ್ಷ ಯಾರು ಹೀನಾಯವಾಗಿ ಸೋತಿದ್ದರೋ ಅವರಿಗೆ ಮೊದಲ ಸರದಿ. ಆಟಗಾರ್ತಿಗೆ ಆಯ್ಕೆಯೇ ಇಲ್ಲ. ಹೆಸರು ಹೇಳಿದ ಊರಿಗೆ ಗಂಟುಮೂಟೆ ಕಟ್ಟಬೇಕು. ಸೋತವರನ್ನು ಮೇಲೆತ್ತುವ ನ್ಯಾಯ ಇದರಲ್ಲಿದೆ ಎಂದು ಹೇಳುತ್ತಾರೆ. ತಂಡಗಳಿಗೆ ನ್ಯಾಯವಿರಬಹುದು. ಇಪ್ಪತ್ಮೂರು ವರ್ಷದ ಪದವೀಧರೆಗೆ ತನ್ನ ಊರನ್ನು ತಾನೇ ಆರಿಸಿಕೊಳ್ಳಲಾಗದ ವ್ಯವಸ್ಥೆ ಯಾವ ನ್ಯಾಯವೋ ನನಗಂತೂ ತಿಳಿಯದು.

ಅಮೆರಿಕದ ಮಹಿಳಾ ವೃತ್ತಿಪರ ಲೀಗ್ ಆದ ಡಬ್ಲ್ಯುಎನ್‌ಬಿಎ 1997ರ ಜೂನ್‌ನಲ್ಲಿ ಆರಂಭವಾಯಿತು. 1998ರ ಡ್ರಾಫ್ಟ್‌ನಲ್ಲಿ ಮೊದಲ ಸರದಿ ಯೂಟಾ ಸ್ಟಾರ್ಜ್ ತಂಡದ್ದು, ಏಕೆಂದರೆ ಹಿಂದಿನ ವರ್ಷ ಅವರು ಗೆದ್ದದ್ದು ಏಳು, ಸೋತದ್ದು ಇಪ್ಪತ್ತೊಂದು. ಅವರು ಪೋಲೆಂಡಿನ ಏಳಡಿ ಎರಡಿಂಚಿನ ಮಾರ್ಗೊ ದಿದೆಕ್ ಅವರ ಹೆಸರು ಹೇಳಿದರು. ಎರಡನೆಯದಾಗಿ ಸ್ಯಾಕ್ರಮೆಂಟೊ, ಪೋರ್ಚುಗಲ್‌ನ ಟಿಷಾ ಪೆನಿಶೇರೊ ಅವರದು. ಮೂರನೆಯದು ಅಮೆರಿಕದ ಮುರಿಯೆಲ್ ಪೇಜ್. ನಾಲ್ಕನೆಯದಾಗಿ ಹೊಸ ತಂಡ ಡೆಟ್ರಾಯಿಟ್ ಶಾಕ್ ಹ್ಲೆಡೆಯವರ ಹೆಸರು ಕರೆಯಿತು. ಮೊದಲ ನಾಲ್ವರಲ್ಲಿ ಮೂವರು ಯುರೋಪಿನವರು. ತಮ್ಮಲ್ಲೇ ಹುಟ್ಟಿದ ಆಟ ಎಂದು ಹೆಮ್ಮೆಪಡುವ ದೇಶದಲ್ಲಿ ಇದು ಸಣ್ಣ ವಿಷಯವಲ್ಲ.

ಡೆಟ್ರಾಯಿಟ್‌ನ ತರಬೇತುದಾರರು ನ್ಯಾನ್ಸಿ ಲೀಬರ್ಮನ್, ತಾವೇ ಒಂದು ಕಾಲಕ್ಕೆ ಹೆಸರಾಂತ ಗಾರ್ಡ್. ತಂಡ ಮೊದಲ ವರ್ಷವೇ 17 ಗೆದ್ದು 13 ಸೋತಿತು. ಹೊಸದಾಗಿ ಕಟ್ಟಿದ ತಂಡಕ್ಕೆ ಅದು ನಿರೀಕ್ಷೆಗೂ ಮೀರಿದ ಫಲ. ಹ್ಲೆಡೆ ಪಂದ್ಯಕ್ಕೆ ಹದಿನಾಲ್ಕರಷ್ಟು ಅಂಕ ಗಳಿಸಿದ್ದು ಈ ವರ್ಷವೇ. ಅದೇ ತಂಡದ ಪಟ್ಟಿಯಲ್ಲಿ ರಾಜಿಯಾ ಬ್ರ್ಚಾನಿನೊವಿಚ್ ಎಂಬ ಇನ್ನೊಂದು ಹೆಸರಿದೆ. ಮದುವೆಯಾದ ಮೇಲಿನ ಹೆಸರದು. ತವರಿನ ಹೆಸರು ಮುಯಾನೊವಿಚ್. ಸೋಲ್‌ನಲ್ಲಿ ಬೆಳ್ಳಿ ಗೆದ್ದಿದ್ದ ಯುಗೊಸ್ಲಾವಿಯದ ಅದೇ ಎತ್ತರದ ಸೆಂಟರ್. ಜಾಗ್ರೆಬ್‌ನ ಹುಡುಗಿ ಹದಿಮೂರು ವರ್ಷದವಳಿದ್ದಾಗ ಯಾವ ದೇಶದ ತಂಡವಿತ್ತೋ ಆ ದೇಶ ಇಲ್ಲವಾಗಿತ್ತು. ಆ ತಂಡದ ಆಟಗಾರ್ತಿ ಮಾತ್ರ ಹತ್ತು ವರ್ಷದ ನಂತರ ಮೋಟಾರು ಕಾರ್ಖಾನೆಗಳ ಅಮೆರಿಕನ್ ಊರಿನಲ್ಲಿ ಅವಳ ಜತೆಗಾರ್ತಿಯಾಗಿ ಸಿಕ್ಕಿದ್ದರು.

ಮಾರನೆಯ ವರ್ಷ, 1999ರಲ್ಲಿ, ಋತುವಿನ ನಡುವೆಯೇ ಡೆಟ್ರಾಯಿಟ್ ಹ್ಲೆಡೆ ಮತ್ತು ಸಿಂಡಿ ಬ್ರೌನ್ ಅವರನ್ನು ಯೂಟಾಗೆ ಕೊಟ್ಟು, ವೆಂಡಿ ಪಾಮರ್ ಮತ್ತು ಒಲಿಂಪಿಯಾ ಸ್ಕಾಟ್ ರಿಚರ್ಡ್‌ಸನ್ ಅವರನ್ನು ಪಡೆಯಿತು. ಇದಕ್ಕೆ ಟ್ರೇಡ್ ಎನ್ನುತ್ತಾರೆ. ಆಟಗಾರ್ತಿಯ ಒಪ್ಪಿಗೆ ಸಾಮಾನ್ಯವಾಗಿ ಬೇಕಿಲ್ಲ. ಯೂಟಾದಲ್ಲಿ ದಿದೆಕ್ ಇದ್ದರು. ಡ್ರಾಫ್ಟ್‌ನ ಒಂದು ಮತ್ತು ನಾಲ್ಕು ಹೀಗೆ ಒಂದೇ ತಂಡದಲ್ಲಿ ಸೇರಿದವು. ಅಲ್ಲಿಂದ ಮುಂದೆ ಅವರು ನ್ಯೂಯಾರ್ಕ್ ಲಿಬರ್ಟಿ ಪರವಾಗಿಯೂ ಆಡಿದರು. ಇಂದಿನ ಲೀಗ್‌ನಲ್ಲಿ ಡೆಟ್ರಾಯಿಟ್ ಶಾಕ್ ಎಂಬ ತಂಡವನ್ನು ಹುಡುಕಬೇಡಿ. ಅದು ಟಲ್ಸಾಗೆ ಹೋಗಿ, ಅಲ್ಲಿಂದ ಡಲ್ಲಾಸ್‌ಗೆ ಹೋಗಿ, ಈಗ ಡಲ್ಲಾಸ್ ವಿಂಗ್ಸ್ ಆಗಿದೆ. ಯೂಟಾ ಸ್ಟಾರ್ಜ್ ಸ್ಯಾನ್ ಆಂಟೋನಿಯೊ ಮೂಲಕ ಲಾಸ್ ವೇಗಸ್ ಏಸಸ್ ಆಗಿದೆ. ಹುಟ್ಟಿದ ದೇಶದ ಹೆಸರು ಬದಲಾದ ಹಾಗೆ ಆಡಿದ ತಂಡಗಳ ಹೆಸರೂ ಬದಲಾಗಿವೆ. ಮೊದಲಿನಿಂದ ಹಾಗೇ ಉಳಿದದ್ದು ನ್ಯೂಯಾರ್ಕ್ ಮಾತ್ರ.

ಇಲ್ಲಿಯವರೆಗಿನದು ಸುಲಭದ ಭಾಗ. ಜಟಿಲವಾದದ್ದು ಕ್ಯಾಲೆಂಡರ್.

ಡಬ್ಲ್ಯುಎನ್‌ಬಿಎ ಬೇಸಿಗೆಯ ಲೀಗ್. ಪುರುಷರ ಎನ್‌ಬಿಎ ಚಳಿಗಾಲದಲ್ಲಿ ನಡೆಯುವುದರಿಂದ, ಅದರ ಅಂಕಣಗಳು ಖಾಲಿ ಇರುವ ಹೊತ್ತಿಗೆ ಮಹಿಳೆಯರ ಪಂದ್ಯಗಳನ್ನು ಹೊಂದಿಸಿದರು. 1998ರಲ್ಲಿ ಒಂದು ತಂಡಕ್ಕೆ 30 ಪಂದ್ಯ. ಮೂರು ತಿಂಗಳಲ್ಲಿ ಮುಗಿದುಹೋಗುತ್ತಿತ್ತು. ಲೀಗ್‌ನ ಆರಂಭದ ವರ್ಷದಲ್ಲಿ ಸಂಬಳ ಕೆಳಗೆ 15,000 ಡಾಲರ್‌ನಿಂದ ಮೇಲೆ 50,000 ಡಾಲರ್‌ವರೆಗೆ. ಮೂರು ತಿಂಗಳ ಕೆಲಸಕ್ಕೆ ಅದು ಪರವಾಗಿಲ್ಲ ಅನ್ನಿಸಬಹುದು, ಆದರೆ ವರ್ಷಕ್ಕೆ ಹನ್ನೆರಡು ತಿಂಗಳಿವೆ. ಆದ್ದರಿಂದ ಆಟಗಾರ್ತಿಯರು ಶರತ್ಕಾಲ ಬಂದ ಕೂಡಲೇ ಯುರೋಪಿನ ಕ್ಲಬ್‌ಗಳಿಗೆ ಹಾರುತ್ತಿದ್ದರು, ಅಕ್ಟೋಬರ್‌ನಿಂದ ವಸಂತದವರೆಗೆ ಅಲ್ಲಿ ಆಡುತ್ತಿದ್ದರು, ಮತ್ತೆ ಜೂನ್‌ಗೆ ಅಮೆರಿಕ. ಇಟಲಿಯ ಲೀಗ್, ರಷ್ಯಾದ ಲೀಗ್ ಹಣ ಕೊಡುತ್ತಿದ್ದವು. ಹೀಗೆ ಎರಡು ಕ್ಯಾಲೆಂಡರ್‌ಗಳಾದವು. ಮೂರನೆಯದು ದೇಶದ್ದು. ಮಹಿಳೆಯರ ಯುರೋಪಿಯನ್ ಚಾಂಪಿಯನ್‌ಷಿಪ್ ಹಲವು ಸಲ ನಡೆಯುವುದು ಮೇ, ಜೂನ್ ಹೊತ್ತಿಗೆ. ಸರಿಯಾಗಿ ಅಮೆರಿಕದ ಲೀಗ್ ಬಾಗಿಲು ತೆರೆಯುವಾಗ. ಅಮೆರಿಕದವರಿಗೆ ಈ ಇಕ್ಕಟ್ಟು ಅಷ್ಟಾಗಿ ಇಲ್ಲ, ಒಲಿಂಪಿಕ್ಸ್ ಬಂದರೆ ಲೀಗ್ ತಾನೇ ರಜೆ ಕೊಡುತ್ತದೆ. ಯುರೋಪಿನವರ ಚಾಂಪಿಯನ್‌ಷಿಪ್‌ಗಾಗಿ ಹಾಗೆ ಯಾರೂ ರಜೆ ಕೊಡುವುದಿಲ್ಲ. ಕ್ರೊವೇಷಿಯಾದಂಥ ಸಣ್ಣ ತಂಡಕ್ಕೆ ಒಬ್ಬ ಗಾರ್ಡ್ ಕೈಬಿಟ್ಟುಹೋದರೆ ಅವರ ಜಾಗಕ್ಕೆ ಇನ್ನೊಬ್ಬರು ಸಿಗುವುದು ಕಷ್ಟ.

ಈ ಜಗಳ ಇಂದಿಗೂ ಮುಗಿದಿಲ್ಲ. 2020ರ ಒಪ್ಪಂದದಲ್ಲಿ ಡಬ್ಲ್ಯುಎನ್‌ಬಿಎ ಹೊಸ ಷರತ್ತು ತಂದಿತು: ಅನುಭವಿ ಆಟಗಾರ್ತಿಯರು ವಿದೇಶದ ಲೀಗ್ ಮುಗಿಸಿ ಸಮಯಕ್ಕೆ ಸರಿಯಾಗಿ ಬರಬೇಕು, ತಡವಾದರೆ ದಂಡ. 2023ರಿಂದ ಅದು ಜಾರಿಗೆ ಬಂತು. ಹ್ಲೆಡೆಯವರ ಕಾಲದಲ್ಲಿ ದಂಡವಿರಲಿಲ್ಲ, ದಣಿವು ಮಾತ್ರ ಅಷ್ಟೇ ಇತ್ತು.

ಪಾಸ್‌ಪೋರ್ಟಿನದು ಇನ್ನೊಂದು ಕಗ್ಗಂಟು. ಐಪಿಎಲ್‌ನಲ್ಲಿ ಹನ್ನೊಂದರಲ್ಲಿ ನಾಲ್ಕೇ ವಿದೇಶಿಯರು ಎಂಬ ನಿಯಮವಿದೆಯಲ್ಲ, ಯುರೋಪಿನ ಲೀಗ್‌ಗಳಲ್ಲೂ ಅಂಥ ಮಿತಿಗಳಿದ್ದವು. 1995ರ ಡಿಸೆಂಬರ್‌ನಲ್ಲಿ ಬೋಸ್ಮನ್ ಎಂಬ ಬೆಲ್ಜಿಯಂ ಫುಟ್‌ಬಾಲ್ ಆಟಗಾರನ ದಾವೆಯಲ್ಲಿ ಯುರೋಪಿನ ನ್ಯಾಯಾಲಯ, ಐರೋಪ್ಯ ಒಕ್ಕೂಟದ ಪ್ರಜೆಗಳನ್ನು ಒಕ್ಕೂಟದೊಳಗೆ ವಿದೇಶಿಯರೆಂದು ಎಣಿಸಿ ಮಿತಿ ಹೇರುವಂತಿಲ್ಲ ಎಂದಿತು. ಕ್ರಿಕೆಟ್ ಓದುಗರಿಗೆ ಕೋಲ್ಪಕ್ ಎಂಬ ಪದ ಗೊತ್ತು. ದಕ್ಷಿಣ ಆಫ್ರಿಕಾದ ಆಟಗಾರರು ಇಂಗ್ಲೆಂಡಿನ ಕೌಂಟಿಗಳಿಗೆ ಗುಳೆ ಹೋದದ್ದು ಆ ಹೆಸರಿನಲ್ಲೇ. ಕೋಲ್ಪಕ್ ಸ್ಲೊವಾಕಿಯದ ಹ್ಯಾಂಡ್‌ಬಾಲ್ ಗೋಲ್‌ಕೀಪರ್. ಅವರ ದಾವೆಯಲ್ಲಿ 2003ರಲ್ಲಿ ಬಂದ ತೀರ್ಪು, ಒಕ್ಕೂಟದ ಜೊತೆ ಒಪ್ಪಂದವಿರುವ ದೇಶಗಳವರಿಗೂ ಆ ಸವಲತ್ತನ್ನು ಚಾಚಿತು. ಕ್ರೊವೇಷಿಯಾ ಒಕ್ಕೂಟ ಸೇರಿದ್ದು 2013ರ ಜುಲೈ 1ರಂದು. ಅಂದರೆ ಹ್ಲೆಡೆಯವರ ತಲೆಮಾರಿನ ಆಟಗಾರ್ತಿ ಇಟಲಿಗೆ ಹೋದರೆ, ಆಡ್ರಿಯಾಟಿಕ್ ಸಮುದ್ರದ ಆಚೆ ದಡದ ನೆರೆಯವಳಾದರೂ ಲೆಕ್ಕದಲ್ಲಿ ಹೊರಗಿನವಳು. ಕ್ಲಬ್ಬಿನ ವಿದೇಶಿ ಜಾಗಕ್ಕೆ ಅವಳು ಪೈಪೋಟಿ ನಡೆಸಬೇಕಾದದ್ದು ಅಮೆರಿಕದ ತಾರೆಯರ ಜೊತೆ. ಅಮೆರಿಕದಲ್ಲಿ ಆಡಿ ಬಂದ ಹೆಸರಿದ್ದರೆ ಆ ಪೈಪೋಟಿಯಲ್ಲಿ ಅವಳ ಕೈ ಮೇಲಾಗುತ್ತಿತ್ತು. ಮೂರು ತಿಂಗಳ ಕಡಿಮೆ ಸಂಬಳದ ಬೇಸಿಗೆಗೆ ಅಷ್ಟು ದೂರ ಹೋಗುವುದರ ಗುಟ್ಟು ಭಾಗಶಃ ಇಲ್ಲಿದೆ.

ಕೊನೆಗೆ, ನನ್ನ ಪ್ರಕಾರ ಎಲ್ಲಕ್ಕಿಂತ ಕುತೂಹಲದ ಸಂಗತಿ: ಚೆಂಡು. ಪುರುಷರು ಆಡುವ ಏಳನೆಯ ಅಳತೆಯ ಚೆಂಡಿನ ಸುತ್ತಳತೆ ಸುಮಾರು 75 ಸೆಂಟಿಮೀಟರ್. ಅಮೆರಿಕದ ಕಾಲೇಜು ಹುಡುಗಿಯರು 1980ರ ದಶಕದಿಂದಲೇ ಅದಕ್ಕಿಂತ ಒಂದು ಇಂಚು ಚಿಕ್ಕದಾದ ಆರನೆಯ ಅಳತೆಗೆ ಬದಲಾಗಿದ್ದರು, ಡಬ್ಲ್ಯುಎನ್‌ಬಿಎ ಕೂಡ ಅದನ್ನೇ ಹಿಡಿಯಿತು. ಆದರೆ ಅಂತರರಾಷ್ಟ್ರೀಯ ಸಂಸ್ಥೆ ಫಿಬಾ ಮತ್ತು ಯುರೋಪಿನ ಲೀಗ್‌ಗಳು ಮಹಿಳೆಯರಿಗೂ ದೊಡ್ಡ ಚೆಂಡನ್ನೇ ಕೊಡುತ್ತಿದ್ದವು. ಸುತ್ತಳತೆಯಲ್ಲಿ ಒಂದು ಇಂಚು, ತೂಕದಲ್ಲಿ ಒಂದು ಕೋಳಿಮೊಟ್ಟೆಯಷ್ಟು ವ್ಯತ್ಯಾಸ. ಕೇಳಲು ಏನೂ ಅಲ್ಲ. ಆದರೆ ಎಸೆತದ ಕೊನೆಯ ಗಳಿಗೆಯಲ್ಲಿ ಚೆಂಡು ಅಂಗೈ ಬಿಟ್ಟು ಬೆರಳ ತುದಿಗೆ ಬಂದಿರುತ್ತದೆ. ಮಣಿಕಟ್ಟು ಮುಂದಕ್ಕೆ ಬಾಗಿ, ತೋರುಬೆರಳು ನಡುಬೆರಳು ಚೆಂಡಿನ ಮೇಲೆ ಜಾರಿ ಅದಕ್ಕೆ ಹಿಮ್ಮುಖದ ತಿರುಗು ಕೊಡುತ್ತವೆ. ಎಷ್ಟು ಒತ್ತಬೇಕು ಎಂಬುದು ತಲೆಯ ಲೆಕ್ಕವಲ್ಲ, ಸಾವಿರಾರು ಸಲ ಎಸೆದ ಬೆರಳಿಗೆ ಅಂಟಿದ ಅಭ್ಯಾಸ. ಹಿಟ್ಟು ತಟ್ಟುವ ಕೈಗೆ ರೊಟ್ಟಿಯ ದಪ್ಪ ಗೊತ್ತಿರುವಂತೆ. ಆ ಬೆರಳಿಗೆ ಆರು ತಿಂಗಳಿಗೊಮ್ಮೆ ಬೇರೆ ಚೆಂಡು ಕೊಟ್ಟರೆ ಮೊದಲ ಕೆಲವು ದಿನ ರಿಂಗಿನ ಮುಂಬದಿಗೋ ಹಿಂಬದಿಗೋ ಬಡಿಯುವುದು ಖಂಡಿತ.

ಗೆರೆಯೂ ಬೇರೆ. ಮೂರು ಅಂಕದ ಎಸೆತದ ಗೆರೆ ಆಗ ಯುರೋಪಿನಲ್ಲಿ 6.25 ಮೀಟರ್ ದೂರ, ಅಮೆರಿಕದ ಕಾಲೇಜಿನಲ್ಲೂ ಡಬ್ಲ್ಯುಎನ್‌ಬಿಎಯಲ್ಲೂ ಸುಮಾರು 6.02 ಮೀಟರ್. ನಡುವಿನ ಅಂತರ ಹೆಚ್ಚುಕಡಿಮೆ ಒಂದು ಶೂವಿನ ಉದ್ದ. ಯುರೋಪಿನ ದೊಡ್ಡ ಚೆಂಡನ್ನು ಯುರೋಪಿನ ದೂರದ ಗೆರೆಯಿಂದ ಎಸೆಯಬೇಕು. ಅಮೆರಿಕದ ಚಿಕ್ಕ ಚೆಂಡನ್ನು ಹತ್ತಿರದ ಗೆರೆಯಿಂದ. ಅದರ ಮೇಲೆ ಗಡಿಯಾರ. 2000ದಲ್ಲಿ ಫಿಬಾ, ಚೆಂಡು ಕೈಗೆ ಬಂದ ಮೇಲೆ ಎಸೆಯಲು ಇರುವ ಸಮಯವನ್ನು 30 ಸೆಕೆಂಡಿನಿಂದ 24ಕ್ಕೆ ಇಳಿಸಿತು, ಅರ್ಧ ಅಂಕಣ ದಾಟುವ ಸಮಯವನ್ನು 10ರಿಂದ 8ಕ್ಕೆ. ಡಬ್ಲ್ಯುಎನ್‌ಬಿಎಯಲ್ಲಿ ಆಗಲೂ 30 ಸೆಕೆಂಡೇ. ಚೆಂಡು ತರುವ ಕೆಲಸ ಗಾರ್ಡಿನದು. ಆ ಆರು ಸೆಕೆಂಡಿನ ಕಡಿತ ಮೊದಲು ತಟ್ಟುವುದು ಅವರಿಗೇ. ಒಂದು ಆಟ ಹೊಂದಿಸಿ ನೋಡಿ, ಆಗದಿದ್ದರೆ ಹಿಂದಕ್ಕೆ ತಂದು ಇನ್ನೊಂದು ಹೊಂದಿಸುವ ವ್ಯವಧಾನ ಅಮೆರಿಕದಲ್ಲಿ ಇತ್ತು, ಯುರೋಪಿನಲ್ಲಿ ಇಲ್ಲವಾಯಿತು.

ಹಾಗಾಗಿ ಡುಕೇನ್‌ನ 2,631 ಅಂಕ, ಡೆಟ್ರಾಯಿಟ್‌ನ ಹದಿನಾಲ್ಕು, ಯುರೋಪಿನ ಯಾವುದೋ ಕ್ಲಬ್ಬಿನ ಸರಾಸರಿ, ಇವುಗಳನ್ನು ಒಂದೇ ಸಾಲಿನಲ್ಲಿ ಕೂಡಿಸುವುದು ರೂಪಾಯಿ, ಡಾಲರ್, ಲೀರಾಗಳನ್ನು ಬದಲಾಯಿಸದೆ ಕೂಡಿಸಿದಂತೆ.

2004ರಲ್ಲಿ ಎರಡೂ ಕಡೆಯವರು ಒಟ್ಟಿಗೆ ಒಂದೊಂದು ಹೆಜ್ಜೆ ಇಟ್ಟರು. ಡಬ್ಲ್ಯುಎನ್‌ಬಿಎ ತನ್ನ ಗೆರೆಯನ್ನು ಯುರೋಪಿನ 6.25 ಮೀಟರ್‌ಗೆ ಸರಿಸಿತು. ಫಿಬಾ ಮಹಿಳೆಯರಿಗೆ ಅಮೆರಿಕದ ಆರನೆಯ ಅಳತೆಯ ಚೆಂಡನ್ನು ತಂದಿತು. ಹ್ಲೆಡೆ ನ್ಯೂಯಾರ್ಕ್‌ನ ಅಂಗಿ ತೊಟ್ಟು ಆಡಿದ ಬೇಸಿಗೆ 2002ರದ್ದು.